ಬಸ್ ನಿಲ್ದಾಣದಿಂದ ನನ್ನ ಅಮ್ಮನನ್ನು ಇಳಿಸಿ

ಪುರಸಭೆಯ ಮಾನ್ಯ ಅಧ್ಯಕ್ಷರೇ,

ಇಷ್ಟು ದಿನ ಯಾರಿಗೂ ಹೇಳದ ಮಾತಿನಿಂದ ಶುರು ಮಾಡುತ್ತೇನೆ. ಬಸ್ ನಿಲ್ದಾಣದ ಮೇಲೆ ನೀವು ಹಾಕಿಸಿರುವ ದೆವ್ವದ ಮುಖ ಕಂಡರೆ ನನಗೂ ಭಯವಾಗುತ್ತದೆ. ಅದು ನನ್ನ ಅಮ್ಮನ ಮುಖ. ಅದನ್ನು ಇಳಿಸಿ ಎಂದು ಕೇಳಲು ಬಂದಾಗಲೆಲ್ಲ ನೀವು ಮೀಟಿಂಗಿನಲ್ಲಿದ್ದಿರಿ. ಹಾಗಾಗಿ ಊರೆಲ್ಲ ಓದುವಂತೆ ಬರೆಯುತ್ತಿದ್ದೇನೆ.

ನಮ್ಮೂರಲ್ಲಿ ತೆಗೆದ ಆ ದೆವ್ವದ ಸಿನಿಮಾದ ಕಥೆ ನಿಮಗೆ ಗೊತ್ತು. ಒಂದು ಸಂಸಾರ ಸಣ್ಣ ಊರಿಗೆ ಬಾಡಿಗೆಗೆ ಬರುತ್ತದೆ. ದೆವ್ವಗಳೇ ಆದ ಊರಿನವರು ನಗುನಗುತ್ತಾ ಬರಮಾಡಿಕೊಂಡು ಒಬ್ಬೊಬ್ಬರನ್ನಾಗಿ ನುಂಗುತ್ತಾರೆ. ಅದನ್ನು ಇಲ್ಲಿ ಚಿತ್ರೀಕರಿಸುವಾಗ ಅಮ್ಮ ನಿಮ್ಮದೇ ಪುರಸಭೆಯ ಶಿಶುವಿಹಾರದಲ್ಲಿ ಆಯಾ. ಗೇಟಿನಲ್ಲಿ ನಿಂತು ಪ್ರತಿ ಮಗುವನ್ನೂ "ಬಂದ್ಯಾ ಕಂದಾ?" ಎಂದು ಒಳಗೆ ಕರೆದುಕೊಳ್ಳುತ್ತಿದ್ದಳು. ಅಳುವ ಮಗುವೂ ಆ ಮಾತಿಗೆ ಸುಮ್ಮನಾಗುತ್ತಿತ್ತು. ಅದು ನಿರ್ದೇಶಕರ ಕಿವಿಗೆ ಬಿತ್ತು.

"ಅಮ್ಮಾ, ಇದನ್ನೇ ಕಿಟಕಿ ಹತ್ರ ನಿಂತು ಹೇಳಿ. ನಗ್ತಾ ಇರಿ, ಕಣ್ಣು ಮಾತ್ರ ಮಿಟುಕಿಸಬೇಡಿ" ಎಂದರು. ಅಮ್ಮ ಹಿಂಜರಿದಾಗ ಪಕ್ಕದಲ್ಲಿದ್ದ ನೀವೇ "ಹೇಳಮ್ಮ, ಊರಿಗೆ ಹೆಸರು ಬರುತ್ತೆ" ಎಂದಿರಿ.

ಹೆಸರು ಬಂತು ಸ್ವಾಮಿ. ಊರಿಗೆ ಒಳ್ಳೆಯದು, ಅಮ್ಮನಿಗೆ ಕೆಟ್ಟದ್ದು.

ಶಿಶುವಿಹಾರದ ಮಕ್ಕಳು ಸಿನಿಮಾ ನೋಡಿರಲಿಲ್ಲ, ಬಸ್ ನಿಲ್ದಾಣದ ಮೇಲಿನ ನಿಮ್ಮ ಬೋರ್ಡು ನೋಡಿದ್ದವು. ಮುಖದ ಕೆಳಗಿನ "ಬಂದ್ಯಾ ಕಂದಾ? ಭಯದ ಊರಿಗೆ ಸ್ವಾಗತ" ಎಂಬ ಕೆಂಪಕ್ಷರಗಳನ್ನು ಅಣ್ಣಂದಿರು ಓದಿ ಹೇಳಿದ್ದರು. ಆಮೇಲೆ ಅಮ್ಮ ಗೇಟಿನಲ್ಲಿ ಬಾಯಿ ತೆರೆದರೆ ಸಾಕು, ಕಿರುಚಿಕೊಂಡು ಅಪ್ಪಂದಿರ ಕಾಲು ತಬ್ಬುತ್ತಿದ್ದವು. "ಮಕ್ಕಳ ಹಿತದೃಷ್ಟಿಯಿಂದ" ಎಂದು ನೀವು ಅಮ್ಮನನ್ನು ಕೆಲಸದಿಂದ ತೆಗೆದಿರಿ. ಆ ಹಿತದೃಷ್ಟಿ ಬಸ್ ನಿಲ್ದಾಣದವರೆಗೆ ಯಾಕೆ ಹಾಯಲಿಲ್ಲ? ಒಂದೇ ಮುಖ ಮಕ್ಕಳಿಗೆ ಕೇಡು, ಪ್ರವಾಸಿಗರಿಗೆ ಆಕರ್ಷಣೆ ಹೇಗಾಯಿತು? ನಾನು ಅರ್ಧಕ್ಕೆ ಶಾಲೆ ಬಿಟ್ಟವಳು, ಪಂಚರ್ ಅಂಗಡಿಯಲ್ಲಿ ದುಡಿಯುವವಳು. ಓದಿದ ತಾವು ಬಿಡಿಸಿ ಹೇಳಬೇಕು.

ಅಂಗಡಿಗೆ ಬಂದ ಗಿರಾಕಿಯೊಬ್ಬರು ಕೇಳಿದರು, "ಏನಮ್ಮಾ, ನಿಮ್ಮಮ್ಮ ಮನೇಲೂ ಕಣ್ಣು ಮಿಟುಕಿಸಲ್ವಾ?"

"ಮಿಟುಕಿಸ್ತಾಳೆ ಅಣ್ಣ. ನಿಮ್ಮ ಮಗನ ಮೂಗು ಒರೆಸುವಾಗ ನೀವೇ ನೋಡಿದೀರಲ್ಲ."

ಅವರು ಸೈಕಲ್ ತಳ್ಳಿಕೊಂಡು ಹೋದರು.

ಸಿನಿಮಾದವರ ಮೇಲೆ ನನಗೆ ದೂರಿಲ್ಲ. ಒಪ್ಪಿದ ಕೂಲಿ ಕೊಟ್ಟರು, ದೆವ್ವ ಎಂದು ಹೇಳಿಯೇ ದೆವ್ವ ಮಾಡಿದರು. ನೀವು ಆಯಾ ಎಂದು ನೇಮಿಸಿಕೊಂಡು ದೆವ್ವ ಮಾಡಿದಿರಿ. ಹಾಗೆಂದು ನನ್ನ ಪಾಲನ್ನು ಮುಚ್ಚಿಡುವುದಿಲ್ಲ. ಒಂದು ಸಂಜೆ ನಾನು ಮನೆಯೊಳಗೆ ಕಾಲಿಡುವಾಗ ಅಮ್ಮ ಕತ್ತಲಲ್ಲಿ ಕೂತು "ಬಂದ್ಯಾ ಕಂದಾ?" ಎಂದಳು. ನಾನು ಬೆಚ್ಚಿಬಿದ್ದೆ. ಅವಳು ಅದನ್ನು ನೋಡಿಬಿಟ್ಟಳು. ಅಂದಿನಿಂದ ನಾನು ಬಂದರೆ ಸುಮ್ಮನೆ ಕೆಮ್ಮುತ್ತಾಳೆ. ಆ ಮಾತನ್ನು ನೀವು ವಾಪಸ್ ಕೊಡಲಾರಿರಿ, ಬಿಡಿ.

ಕೆಲಸವನ್ನೂ ಕೇಳುತ್ತಿಲ್ಲ. ಬೇರೆ ಊರಿನ ಲಾಂಡ್ರಿಯಲ್ಲಿ ಅಮ್ಮನಿಗೆ ಇಸ್ತ್ರಿ ಕೆಲಸ ಸಿಕ್ಕಿದೆ. ನಾನು ಕೇಳುವುದು ಇಷ್ಟೇ: ಬೆಳಗಾಗುವುದರೊಳಗೆ ಆ ಬೋರ್ಡು ಇಳಿಸಿ. ತನ್ನದೇ ಮುಖದ ಕೆಳಗೆ ನಿಂತು ಅಮ್ಮ ಬಸ್ಸಿಗೆ ಕಾಯುವಂತೆ ಮಾಡಬೇಡಿ. ಈ ಪತ್ರವನ್ನು ನಿಮ್ಮ ಕಚೇರಿಯ ಗೇಟಿಗೆ ಪಂಚರ್ ಹಾಕುವ ಸಲ್ಯೂಷನ್ನಿನಿಂದ ಅಂಟಿಸಿದ್ದೇನೆ. ಕೀಳುವುದು ಸ್ವಲ್ಪ ಕಷ್ಟ, ಅಷ್ಟರಲ್ಲಿ ಓದಿ ಮುಗಿಯುತ್ತದೆ.

ಸಿನಿಮಾದಲ್ಲಿ ಆ ಊರಿಗೆ ಬಂದ ಸಂಸಾರ ಹೊರಗೆ ಹೋಗುವುದೇ ಇಲ್ಲ. ನಾವೂ ಹಾಗೆಯೇ ಬಾಡಿಗೆಗೆ ಬಂದವರು. ಎಲ್ಲಿಗೆ ಹೊರಟರೂ "ಹೋಗಿ ಬರ್ತೀವಿ" ಎನ್ನುತ್ತಿದ್ದ ಅಮ್ಮ ಈ ಸಲ ಮನೆ ಮಾಲೀಕರಿಗೆ ಬರೀ "ಹೋಗ್ತೀವಿ" ಎಂದು ಹೇಳಿ ಬಂದಳು.

ನಾಳೆ ಹೋಗುತ್ತೇವೆ.

ಇಂತಿ,
ನಿಮ್ಮ ಊರಿನ ದೆವ್ವದ ಮಗಳು