ಅಳೆಯುವ ಕಡತವನ್ನು ಕಳಚುವ ಮುನ್ನ

ಮೇಲ್ಗಾಳಿ ಕೆಟ್ಟ ೨೧೨ನೆಯ ವರ್ಷ, ಹದಿಮೂರನೆಯ ತಿಂಗಳು, ಐದನೆಯ ದಿನ
ಕೆಳಪೇಟೆ, ಕೋಲಾರದ ಹಳೆಯ ಗಣಿಯೊಳಗೆ

'ವಿ.' ಎಂದು ಸಹಿ ಹಾಕಿದವರಿಗೆ,

ನಿಮ್ಮ ಪೂರ್ತಿ ಹೆಸರು ನನಗೆ ಗೊತ್ತಿಲ್ಲ, ಗಂಡೋ ಹೆಣ್ಣೋ ಅದೂ ಗೊತ್ತಿಲ್ಲ. ನನ್ನ ಮಾತು ವಿಚಿತ್ರವಾಗಿ ಕಂಡರೆ ಕ್ಷಮಿಸಿ. ಇಲ್ಲಿಯ ಕೆಲವು ಪದಗಳು ನೀವು ಹೋದ ಮೇಲೆ ಹುಟ್ಟಿದವು. ಕಾಗದ ಹಿಂದಿನ ಕಾಲಕ್ಕೆ ಹೋಗುವುದಿಲ್ಲವೆಂದು ನನಗೂ ಗೊತ್ತು. ಆದರೆ ಹೇಳಿಕೊಳ್ಳಲು ಇನ್ಯಾರೂ ಉಳಿದಿಲ್ಲ.

ನಾನು ಪಿಳ್ಳಮ್ಮ, ಕೆಳಪೇಟೆಯ ಬಾಗಿಲುಗಾರ್ತಿ. ಇಲ್ಲಿ ನಾಲ್ಕು ಸಾವಿರ ಜನ ನೆಲದಡಿಯಲ್ಲಿ ಬಾಳುತ್ತೇವೆ. ದೀಪದ ಬೆಳಕಿನಲ್ಲಿ ರಾಗಿ ಬೆಳೆಯುತ್ತೇವೆ, ಮುದ್ದೆಗೆ ಅಣಬೆಯ ಸಾರು ಮಾಡಿಕೊಳ್ಳುತ್ತೇವೆ, ಮದುವೆಗಳಲ್ಲಿ ಊಟ ತಡವಾಯಿತೆಂದು ಜಗಳವನ್ನೂ ಆಡುತ್ತೇವೆ. ದೀಪಕ್ಕೆ ಬೇಕಾದ ವಿದ್ಯುತ್ತು ಮೇಲಿನ ಬಿಸಿಲುಹಲಗೆಗಳಿಂದ ಬರುತ್ತದೆ. ದಿನಕ್ಕೊಮ್ಮೆ ಒರೆಸುವವರ ತಂಡ ಮೇಲೆ ಹೋಗಿ ಅವುಗಳ ದೂಳು ತೆಗೆದು ಬರುತ್ತದೆ. ಹೋಗಿ ಬರುವ ದಾರಿಗೆ ಇಬ್ಬಾಗಿಲು ಎನ್ನುತ್ತೇವೆ: ಹೊರಬಾಗಿಲು, ಒಳಬಾಗಿಲು, ಮಧ್ಯೆ ನಡುಕೋಣೆ. ಹೊರಗಿನದು ಮುಚ್ಚಿ, ಕೆಟ್ಟ ಗಾಳಿ ಹೊರಗೆ ಹೋದ ಮೇಲಷ್ಟೇ ಒಳಗಿನದು ತೆರೆಯಬೇಕು. ಎರಡೂ ಒಟ್ಟಿಗೆ ತೆರೆದರೆ ಊರು ಉಳಿಯುವುದಿಲ್ಲ.

ಈ ಬಾಗಿಲುಗಳನ್ನು ನಡೆಸುವ ಪ್ರೋಗ್ರಾಂ ನಿಮ್ಮದು. ನೀವು ಬರೆದದ್ದು ಟೊಮೆಟೊ ಇಡುವ ಕೋಲ್ಡ್ ಸ್ಟೋರೇಜಿಗೆ. ನಮ್ಮ ಹಿರಿಯರು ಅವಸರದಲ್ಲಿ ಕೈಗೆ ಸಿಕ್ಕಿದ್ದನ್ನು ತಂದು ಹಾಕಿಕೊಂಡರು. ಅದಕ್ಕೆ ನೀವು ಒಂದು ಹಂಚುಕಡತ ಅಂಟಿಸಿದ್ದೀರಿ. ನಿಮ್ಮಲ್ಲಿ ಇದನ್ನು ಲೈಬ್ರರಿ ಎನ್ನುತ್ತಿದ್ದರಂತೆ. ಕೇರಿಗೆಲ್ಲ ಒಂದೇ ಒರಳು ಇದ್ದ ಹಾಗೆ, ಹಲವು ಪ್ರೋಗ್ರಾಂಗಳು ಬಳಸುವ ಒಂದೇ ಕಡತ. ಯಾವ ಕೆಲಸಕ್ಕೆ ಎಷ್ಟು ಹೊತ್ತು ಹಿಡಿಯಿತೆಂದು ಅಳೆದು ಬರೆದಿಡುವುದು ಈ ಕಡತದ ಕೆಲಸ. ಪ್ರೋಗ್ರಾಂ ಎಲ್ಲಿ ತಡವರಿಸುತ್ತದೆಂದು ಬರೆದವರಿಗೆ ತಿಳಿಯಲಿ ಎಂದು. ಅದರ ನೆತ್ತಿಯ ಮೇಲೆ ನಿಮ್ಮ ಸಾಲಿದೆ: 'ತಾತ್ಕಾಲಿಕ. ಸೋಮವಾರ ತೆಗೆಯಬೇಕು. ವಿ.' ಆ ಸೋಮವಾರ ಇನ್ನೂ ಬಂದಿಲ್ಲ, ಪುಣ್ಯಾತ್ಮರೇ. ನಾಳೆ ಬೆಳಿಗ್ಗೆ ಬರುತ್ತದೆ; ಕಡತ ಕಳಚಬೇಕೆಂದು ಊರು ತೀರ್ಮಾನಿಸಿದೆ.

ತೆಗೆಯಿರೆಂದು ಕೇಳಿದವಳು ನನ್ನ ಮಗಳು ಸುಗುಣ, ಒರೆಸುವವರ ತಂಡದ ಮುಂದಾಳು. ಅವಳದು ತಪ್ಪಲ್ಲ. ಇನ್ನೂರು ವರ್ಷಗಳ ಅಳತೆ ರಾಶಿ ಬಿದ್ದು ಬಾಗಿಲು ವರ್ಷದಿಂದ ವರ್ಷಕ್ಕೆ ನಿಧಾನವಾಗಿದೆ, ತಂಡ ಕಾಯುತ್ತ ನಿಲ್ಲುವ ನಡುಕೋಣೆಯ ಕಬ್ಬಿಣದ ನೆಲ ಮೇಲಿನ ಬಿಸಿಲಿಗೆ ಹೆಂಚಿನಂತೆ ಕಾದಿರುತ್ತದೆ. "ಅಮ್ಮೋ, ಯಾರೂ ಓದ್ದೇ ಇರೋ ಅಳತೆ ಯಾಕೆ ಬರ್ಕೊಂತಿರಬೇಕು ಅದು? ಒಳಗೆ ಕುಂತು ಮಾತಾಡೋದು ಸಲೀಸು. ಒಂದ್ಸಲ ಬಂದು ಅಲ್ಲಿ ನಿಂತ್ಕೊ, ಅಂಗಾಲೆಲ್ಲ ಬೊಬ್ಬೆ ಬತ್ತದೆ" ಎಂದಳು. ಅವಳ ಕಾಲಿಗೆ ಎಣ್ಣೆ ಹಚ್ಚುವವಳು ನಾನೇ. ನನಗೆ ಗೊತ್ತಿಲ್ಲವೇ?

ಕಳಚುವ ಮುನ್ನ ನೋಡೋಣವೆಂದು, ಹೊಸಬರಿಗೆ ಕಲಿಸಲು ಇಟ್ಟಿರುವ ಪುಟ್ಟ ಇಬ್ಬಾಗಿಲಿನಲ್ಲಿ ಕಡತ ತೆಗೆದು ಸಾವಿರ ಸಲ ನಡೆಸಿದೆ. ಮೂರು ಸಲ ಎರಡೂ ಬಾಗಿಲು ಒಟ್ಟಿಗೆ ತೆರೆದವು. ಇಷ್ಟು ಕಾಲ ಒಳಬಾಗಿಲನ್ನು ತಡೆದಿದ್ದದ್ದು ನಿಮ್ಮ ಪ್ರೋಗ್ರಾಂ ಅಲ್ಲ. ಅಳೆಯಲು ಹಿಡಿಯುವ ಆ ಸ್ವಲ್ಪ ಹೊತ್ತು. ಆ ಹೊತ್ತಿನೊಳಗೆ ಹೊರಬಾಗಿಲು ಮುಚ್ಚಿಕೊಳ್ಳುತ್ತಿತ್ತು, ಅಷ್ಟೇ. ತಪ್ಪು ಎಲ್ಲಿದೆಯೆಂದು ಹಿಡಿಯಲು ಅಳೆಯುವ ಕಡತವನ್ನೇ ಮತ್ತೆ ಅಂಟಿಸಬೇಕು. ಅಂಟಿಸಿದರೆ ತಪ್ಪೇ ಇಲ್ಲ. ಕಳ್ಳನನ್ನು ನೋಡಲು ದೀಪ ಹಚ್ಚಿದರೆ ಕಳ್ಳನಿಲ್ಲ, ಆರಿಸಿದರೆ ಮನೆಯೊಳಗೇ ಇದ್ದಾನೆ.

ಊರಿನ ಹಿರಿಯರನ್ನು ಕರೆದು ತೋರಿಸಿದೆ. ಅವರು ಕೂತಿದ್ದಷ್ಟು ಹೊತ್ತು, ಇನ್ನೂರು ಸಲ, ಬಾಗಿಲು ಸಾಧು ಹಸುವಿನ ಹಾಗೆ ನಡೆದುಕೊಂಡಿತು. ಯಜಮಾನ ಮುನಿವೆಂಕಟಪ್ಪ ಎದ್ದು ಪಂಚೆ ಕೊಡವಿಕೊಂಡ. "ಪಿಳ್ಳಕ್ಕ, ಮಗಳ ಮೇಲಿನ ದಿಗಿಲನ್ನ ಬಾಗಿಲ ಮೇಲೆ ಆಕ್ಬೇಡ. ಕಡತದಾಗೇ ಬರ್ದವ್ರಲ್ಲ, ತೆಗೀಬೇಕು ಅಂತ" ಎಂದ. ಬರೆದವರು ನೀವು. ನನಗೆ ಅಳು ಬರಲಿಲ್ಲ, ನಿಮ್ಮ ಮೇಲೆ ಸಿಟ್ಟು ಬಂತು.

ನೀವೂ ಇದನ್ನು ಕಂಡಿರುತ್ತೀರಿ. ಯಾವುದೋ ದಿನ ಎರಡೂ ಬಾಗಿಲು ತೆರೆದು ಟೊಮೆಟೊ ಕೊಳೆತಿರುತ್ತದೆ. ಕಾರಣ ಹುಡುಕಲು ಈ ಕಡತ ಅಂಟಿಸಿರುತ್ತೀರಿ, ತೊಂದರೆ ನಿಂತಿರುತ್ತದೆ, ನಿಂತಿತಲ್ಲ ಎಂದು ಮನೆಗೆ ಹೋಗಿರುತ್ತೀರಿ. ನಿಮಗೆ ಉಗುರಿನಲ್ಲಿ ಹೋಗುತ್ತಿದ್ದದ್ದಕ್ಕೆ ನಮಗೆ ಕೊಡಲಿಯೂ ಸಾಲದು. ಕಡತಗಳನ್ನು ಓದಲು, ಅಂಟಿಸಲು, ಕಳಚಲು ಮಾತ್ರ ನಮಗೆ ಬರುತ್ತದೆ; ಅವುಗಳೊಳಗೆ ಬರೆಯುವ ವಿದ್ಯೆ ನಿಮ್ಮೊಂದಿಗೇ ಹೋಯಿತು.

ಆದ್ದರಿಂದ ಕೇಳಿಕೊಳ್ಳುತ್ತೇನೆ. ನೀವು ಇನ್ನೂ ಆ ಮೇಜಿನ ಮುಂದೆ ಕೂತಿದ್ದರೆ, ನಿಮ್ಮ ಸಾಲಿನ ಕೆಳಗೆ ಇನ್ನೊಂದು ಸಾಲು ಸೇರಿಸಿ: ಇದನ್ನು ಕಳಚಿದರೆ ಎರಡೂ ಬಾಗಿಲು ಒಟ್ಟಿಗೆ ತೆರೆಯಬಹುದು. ನನ್ನ ಮಾತು ನಂಬದವರು ಕಡತದ ಮಾತು ನಂಬುತ್ತಾರೆ. ಇಷ್ಟು ಬರೆಯುವುದರೊಳಗೆ ಮೂರು ಸಲ ಕಡತ ತೆರೆದು ನೋಡಿದೆ. ಆ ಸಾಲು ಇನ್ನೂ ಬಂದಿಲ್ಲ.

ನಾಳೆ ತಂಡದ ಮುಂದೆ ಸುಗುಣ ಇರುತ್ತಾಳೆ. ನಾನು ಒಳಬಾಗಿಲ ಪಕ್ಕದಲ್ಲಿ ನಿಂತಿರುತ್ತೇನೆ; ಬಾಗಿಲುಗಾರ್ತಿಯ ಜಾಗ ಅದು. ಎರಡೂ ಬಾಗಿಲು ತೆರೆದರೆ ಊರು ಉಳಿಯಲು ಒಳಬಾಗಿಲನ್ನು ನೂಕಿ ಅಗುಳಿ ಹಾಕಬೇಕಾದವಳು ನಾನು. ಆಚೆ ನಿಂತು ಬಡಿಯುವವಳು ನನ್ನ ಮಗಳು. ಬೇಗ ಬರೆಯಿರಿ.