ಬೆನ್ನ ಹಿಂದೆ ಕಟ್ಟಿದ ಕೈ

ಮಂಗಳವಾರ, ಮಾರ್ಚ್ ೧೧

ಖುಷಿಪಡಬೇಕಾದ ದಿನ, ಊಟವೇ ಸೇರಲಿಲ್ಲ.

ಕಂಪ್ಯೂಟರ್ ಕ್ಲಾಸಿನಲ್ಲಿ ಇವತ್ತು ಒಂದು ಕಾಮಾ ಬಿಟ್ಟಿದ್ದಕ್ಕೆ ನಾನು ಬರೆದ ಮೊದಲ ಪ್ರೋಗ್ರಾಂ ಜಪ್ಪಯ್ಯ ಎಂದರೂ ಓಡಲಿಲ್ಲ. ಪಾಠ ಹೇಳುವ ಹುಡುಗಿ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು ಅರ್ಧ ಗಂಟೆ ಪಕ್ಕದಲ್ಲೇ ನಿಂತಿದ್ದಳು. "ನಾನು ಮುಟ್ಟಲ್ಲ ಆಂಟಿ, ನೀವೇ ಹುಡುಕಿ." ಹುಡುಕಿದೆ. ಓಡಿತು!

ಮನೆಗೆ ಬರುವ ದಾರಿಯುದ್ದಕ್ಕೂ ಅಕ್ಕನದೇ ನೆನಪು. ಹೋದ ವರ್ಷ ಅವಳು ಕಂಪ್ಯೂಟರಿನಲ್ಲಿ ಅರ್ಜಿ ತುಂಬಲು ತಡಕಾಡುವಾಗ, "ಕೊಡಕ್ಕಾ ಇಲ್ಲಿ, ನಿನ್ನ ಕೈಲಿ ಆಗೋದಲ್ಲ ಇದು" ಎಂದು ಮೌಸ್ ಕಿತ್ತುಕೊಂಡಿದ್ದೆ. ಅಂದಿನಿಂದ ಪ್ರತಿ ಅರ್ಜಿಗೂ ನನ್ನನ್ನೇ ಕಾಯುತ್ತಾಳೆ.

ಸಂಜೆ ಫೋನ್ ಮಾಡಿದೆ. "ಬಾ ಅಕ್ಕಾ, ಕಲಿಸ್ತೀನಿ."

ನಕ್ಕಳು. "ನಂಗೆಲ್ಲಿ ಬರುತ್ತೆ? ನೀನೇ ಹೇಳಿದ್ದೆಯಲ್ಲೇ."

ಕೋಪದಿಂದ ಹೇಳಿದ್ದರೆ ತಡೆದುಕೊಳ್ಳುತ್ತಿದ್ದೆ. ಅವಳು ನನ್ನ ಮಾತನ್ನು ನಂಬಿಬಿಟ್ಟಿದ್ದಾಳೆ.