ಇನ್ನೊಬ್ಬಳ ಮದುವೆಯ ಪಾದ್ರಿ

ಹೇಸ್ಟಿಂಗ್ಸ್
ಸೋಮವಾರ, 11 ಮಾರ್ಚ್ 1963

ಮುದ್ದಿನ ಥೆಲ್ಮಾ,

ನಿನ್ನ ಸೊಂಟನೋವು ಕಡಿಮೆಯಾಯಿತೆ? ಅಳಿಯ ಡೆಸ್ಮಂಡ್ ಹೇಗಿದ್ದಾನೆ? ಪುಟ್ಟಿಗೆ ಹಲ್ಲು ಬಂದಿದೆಯೆಂದು ಐವಿ ಚಿಕ್ಕಮ್ಮ ಬರೆದಿದ್ದಳು. ನಿಮ್ಮ ಸುದ್ದಿಯೆಲ್ಲ ನನಗೆ ಅವಳಿಂದಲೇ. ಈ ಸಲದ ಚಳಿಗೆ ಅಬರ್ಡೀನ್‌ನಲ್ಲಿ ನಿಮಗೆ ಸಾಕಷ್ಟು ಕಲ್ಲಿದ್ದಲು ಸಿಕ್ಕಿತೋ ಇಲ್ಲವೋ ಎಂದು ಯೋಚಿಸುತ್ತಲೇ ಇದ್ದೆ.

ಶನಿವಾರ ಇಲ್ಲಿನ ಟಾಕೀಸಿನಲ್ಲಿ, ನಾನು ಪಾದ್ರಿಯ ಪಾತ್ರ ಮಾಡಿದ್ದ ಆ ಚಿತ್ರ ಮತ್ತೆ ಬಂತು. ಆರು ವರ್ಷ ಅದನ್ನು ನೋಡುವ ಧೈರ್ಯವಾಗಿರಲಿಲ್ಲ. ಮನೆಯೊಡತಿ ಮಿಸೆಸ್ ಕ್ವಿಲ್ಟರ್ ಬಿಡಲಿಲ್ಲ. ತನ್ನ ಮಹಡಿಯ ಮೇಲೊಬ್ಬ ನಟನಿದ್ದಾನೆಂದು ಬೀದಿಗೆಲ್ಲ ಸಾರಿರುವ ಹೆಂಗಸು. ಒಳ್ಳೆಯ ಟೋಪಿ ಹಾಕಿಕೊಂಡು, ಚೀಲದಲ್ಲಿ ಮೊಟ್ಟೆಯ ಸ್ಯಾಂಡ್‌ವಿಚ್ ಇಟ್ಟುಕೊಂಡು ಹೊರಟಳು. ಮದುವೆಯ ದೃಶ್ಯ ಬಂತು. ಚರ್ಚಿನ ಗಂಟೆ ಬಾರಿಸಿತು, ಬಾಗಿಲು ತೆರೆಯಿತು, ಗಂಡು ಹೆಣ್ಣು ನಗುತ್ತ ಹೊರಗೆ ಬಂದರು. ಅಷ್ಟೇ. ಒಳಗೆ ನಡೆದದ್ದನ್ನೆಲ್ಲ ಕತ್ತರಿಸಿ ಎಸೆದಿದ್ದರು. "ಎಲ್ರೀ ನೀವು? ನಾನೇನಾದ್ರೂ ಕಣ್ಣು ಮಿಟುಕಿಸಿಬಿಟ್ನಾ?" ಎಂದು ಆಕೆ ನನ್ನ ತೋಳು ತಿವಿದಳು. ಹೂಂ, ಮಿಟುಕಿಸಿರಬೇಕು ಅಂದೆ. ಪಾಪ, ದಾರಿಯುದ್ದಕ್ಕೂ ತನ್ನ ಕಣ್ಣನ್ನೇ ಬೈದುಕೊಂಡಳು.

ನಿನ್ನ ಮದುವೆಯ ದಿನ, ನಾನು ಹೊರಟರೆ ಚಿತ್ರೀಕರಣವೇ ನಿಂತುಹೋಗುತ್ತದೆ ಎಂದು ತಂತಿ ಕಳಿಸಿದ್ದೆನಲ್ಲ, ಅದು ಸುಳ್ಳು. ಬೆಳಿಗ್ಗೆಯೇ ಸಹಾಯಕ ನಿರ್ದೇಶಕ ಬಂದು, "ಹೋಗ್ಬನ್ರೀ ಟನ್‌ಸ್ಟಲ್, ಆ ನಿಲುವಂಗಿನ ಬೇರೆ ಯಾರಿಗಾದ್ರೂ ತೊಡಿಸ್ತೀವಿ. ಮಗಳ ಮದುವೆ ದಿನಾ ಬರುತ್ತಾ?" ಅಂದಿದ್ದ. ಕಾರು ಕೂಡ ಕೊಡಲು ಸಿದ್ಧನಿದ್ದ. ನಾನೇ ಹೋಗಲಿಲ್ಲ. ಇಪ್ಪತ್ತೊಂಬತ್ತು ವರ್ಷ ಬಟ್ಲರ್, ಪೊಲೀಸ್, ಶವಪೆಟ್ಟಿಗೆ ಹೊರುವವ, ಇಂಥವೇ ಪಾತ್ರ. "ಗಾಡಿ ಬಂದಿದೆ ಸರ್" ಎನ್ನುವುದಕ್ಕಿಂತ ಹೆಚ್ಚಿನ ಮಾತನ್ನು ಯಾರೂ ಕೊಟ್ಟಿರಲಿಲ್ಲ. ಅವತ್ತು ಹನ್ನೊಂದು ಸಾಲು ಸಿಕ್ಕಿತ್ತು. ಆ ಅಂಗಿ ಇನ್ನೊಬ್ಬನಿಗೆ ಒಪ್ಪಿಬಿಟ್ಟರೆ ಮತ್ತೆ ನನ್ನನ್ನು ಕರೆಯುವವರು ಯಾರು ಎಂದು ಹೆದರಿದೆ. ತಾಯಿಯಿಲ್ಲದ ನಿನ್ನನ್ನು ನನ್ನ ಬದಲು ಸೋದರಮಾವ ಕೈಹಿಡಿದು ನಡೆಸಿಕೊಂಡು ಹೋಗುತ್ತಿದ್ದ ಹೊತ್ತಿಗೆ ನಾನು ದೀಪಗಳ ಕೆಳಗೆ ನಿಂತು, "ಈ ಹೆಣ್ಣನ್ನು ಒಪ್ಪಿಸಿಕೊಡುವವರು ಯಾರು?" ಎಂದು ಕೇಳುತ್ತಿದ್ದೆ. ಏಳು ಸಲ ಕೇಳಿಸಿದರು. ಆಮೇಲೆ ಕ್ಯಾಂಟೀನಿನಲ್ಲಿ ಆ ಅಂಗಿಯಲ್ಲೇ ಒಬ್ಬನೇ ಕೂತು ಉಂಡೆ. "ಫಾದರ್, ನನಗೂ ಒಂದು ಮದುವೆ ಮಾಡ್ಸಿ" ಎಂದು ಬಡಿಸುವವಳು ನಕ್ಕಳು.

ಡೆಸ್ಮಂಡ್‌ಗೆ ನಾನು ಕೇಳಿದೆನೆಂದು ಹೇಳು. ಪುಟ್ಟಿಗೆ ಎರಡು ಕೆನ್ನೆಗೂ ಮುತ್ತು. ನೀನು ಚೆನ್ನಾಗಿರು ಮಗಳೇ.

ನಿನ್ನ ಅಪ್ಪ,
ಎಡ್ಗರ್

ತಾ.ಕ.: ಟಪಾಲು ಹೋಗುವ ಹೊತ್ತಾಯಿತು. ಶುಕ್ರವಾರ ನನ್ನ ಗಂಟಲಿನ ಆಪರೇಷನ್. ಗಡ್ಡೆಯ ಜೊತೆಗೆ ಧ್ವನಿಪೆಟ್ಟಿಗೆಯನ್ನೂ ತೆಗೆಯಬೇಕಂತೆ, ಆಮೇಲೆ ಮಾತಿಲ್ಲ. ಬುಧವಾರ ಸಂಜೆ ಆರಕ್ಕೆ ಡೆಸ್ಮಂಡ್‌ನ ಅಂಗಡಿಗೆ ಫೋನ್ ಮಾಡುತ್ತೇನೆ. ನೀನೇ ಎತ್ತು. ಏನೂ ಹೇಳದಿದ್ದರೂ ಸರಿ, ಮಧ್ಯದಲ್ಲಿ ಇಟ್ಟುಬಿಡಬೇಡ.